ಸಂಜಿಗೆ ಅಳಿಸೋ ಆಟ

ಗಿರಣಿ ಸದ್ದಿನಾಗ ಮಾತಾಡಿ ಮಾತಾಡಿ ನನ್ನ ದನಿ ಹರಕಾಗ್ಯದ. ಮೆತ್ತಗ ಬಾ ಕೂಡು ಅಂದ್ರೂ ಮಂದಿ ಬೈದ್ಲು ಅಂತಾರ. ಬೈಯೋದೂ ಬೈತೀನಿ, ಅದೇನ್ ಮುಚ್ಚಿಡೋ ಮಾತಲ್ಲ. ಹುಮನಾಬಾದದಾಗ ಸತ್ಯಮ್ಮನ ಹಿಟ್ಟಿನ ಗಿರಣಿ ಅಂದ್ರ ಯಾರರೇ ತೋರಸ್ತಾರ. ಗಂಡ ಸತ್ತ ಮ್ಯಾಲ ಮನಿ, ಗಿರಣಿ ಎರಡೂ ನಾನೇ ನಡಸೀನಿ. ಆದ್ರ ಈಗ ಹೇಳಾಕತ್ತಿದ್ದು ನನ್ನ ಕಥಿ ಅಲ್ಲ, ನನ್ನ ಸೊಸಿ ವರ್ಷಾಂದು. ಹೇಳ್ತಾ ಹೇಳ್ತಾ ಸಿಟ್ಟು ಬಂದ್ರ ಸುಮ್ಮ ಕೇಳ್ರಿ, ಸಿಟ್ಟು ನಿಮ್ಮ ಮ್ಯಾಲ ಅಲ್ಲ.

ವರ್ಷಾ ಮಂಠಾಳದ ಹುಡುಗಿ. ಪಿಯುಸಿ ಮುಗಿಸಿ ಕಲ್ಯಾಣದಾಗ ಹೊಲಿಗಿ ಕಲ್ತಾಳ. ನಾವು ಈ ಕಡಿ ಮಂದಿ ಬಸವಕಲ್ಯಾಣಕ್ಕ ಬರೇ ಕಲ್ಯಾಣ ಅಂತೀವಿ. ಅಲ್ಲಿ ಹೊಲಿಗಿ ಕ್ಲಾಸಿನಾಗ ಮೀನಾ ಅಂತ ಒಬ್ಬಾಕಿ ಗೆಳತಿ ಆದ್ಲು. ಇಬ್ಬರಿಗೂ ಚೌಕಾಬಾರಾದ ಹುಚ್ಚು. ಕ್ಲಾಸಿನ ಹಾಸುಗಲ್ಲಿನ ಮ್ಯಾಲ ಸೀಮೆಸುಣ್ಣದಿಂದ ಮನಿ ಬರ್ದು, ಹುಣಚಿ ಬೀಜ ಒಗದು ಆಡ್ತಿದ್ರಂತ. ಆಡಿದವರಿಗೆ ಗೊತ್ತದ, ಎರಡು ಕಾಯಿ ಒಂದೇ ಮನ್ಯಾಗ ಕೂತ್ರ ಜೋಡಿ, ಅದನ್ನ ಯಾರೂ ಮುಟ್ಟಂಗಿಲ್ಲ. ಒಂಟಿ ಕಾಯಿ ಸಿಕ್ರ ಕಡೀತಾರ. ನಡುವಿನ ಮನಿ ಸೇರಿದ್ರ ಕಾಯಿ ಹಣ್ಣಾತು ಅಂತೀವಿ.

ನಮ್ಮ ಮನಿಗೆ ಸೊಸಿ ಆಗಿ ಬಂದ ಮ್ಯಾಲ ಆಕಿಗೆ ಹಾಸುಗಲ್ಲೂ ಇಲ್ಲ, ಮೀನಾನೂ ಇಲ್ಲ. ನನ್ನ ಕೂಡ ಗಿರಣ್ಯಾಗ ನಿಂತು ಜೋಳ ಹಾಕ್ತಿದ್ಲು, ಹುಬ್ಬಿಗೆ ಹಿಟ್ಟು ಕೂತಿದ್ರೂ ಒರಸ್ಕೊಳ್ತಿರಲಿಲ್ಲ. ಕೆಲಸಕ್ಕ ಗಟ್ಟಿ, ಮಾತಿಗೆ ಕಡಿಮಿ, ನಗೂ ಬಂದ್ರ ಸದ್ದಿಲ್ದಂಗ ಹೆಗಲು ಕುಣಿಸಿ ನಗ್ತಿದ್ಲು. ಮಧ್ಯಾಹ್ನ ಗಿರಣಿ ಬಂದ್ ಮಾಡಿ ಉಂಡ ಮ್ಯಾಲ ಚೀಲದ ಮ್ಯಾಲ ಕೂತು ಫೋನಿನಾಗ ಲೂಡೋ ಆಡ್ತಿದ್ಲು. ಕಲ್ಯಾಣದಿಂದ ಮೀನಾನೂ ಆಡ್ತಿದ್ಲು. ಇಬ್ಬರೂ ಒಂದು ಕಡಿ ಆಗಿ, ಗುರ್ತಿಲ್ಲದ ಇನ್ನಿಬ್ಬರನ್ನ ಸೋಲಸ್ತಿದ್ರು. ಮೀನಾಗ ಸ್ವಂತ ಫೋನ್ ಇಲ್ಲ. ಆಕಿ ಅಣ್ಣ ತುಳಜಾರಾಮ ಬಟ್ಟಿ ಅಂಗಡಿಗೆ ಕೆಲಸಕ್ಕ ಹೋಗೋನು, ಮಧ್ಯಾಹ್ನ ಊಟಕ್ಕ ಬಂದು ಮಲಗಿದಾಗ ಅವನ ಫೋನ್ ತಗೊಂಡು ಆಡ್ತಿದ್ಲು. ಹಂಗಾಗಿ ಆಟದಾಗ ಮೀನಾ ಅಂತ ಬರ್ತಿರಲಿಲ್ಲ, ತುಳಜಾರಾಮ ಅಂತ ಬರ್ತಿತ್ತು.

ಸಂಜಿಗೆ ವರ್ಷಾ ಆ ಆಟಾನೇ ಫೋನಿನಾಗಿಂದ ತಗದು ಬಿಡ್ತಿದ್ಲು. ಮರುದಿನ ಮತ್ತ ಪ್ಲೇ ಸ್ಟೋರಿಗೆ ಹೋಗಿ, ಮ್ಯಾಲ ಮೂಲ್ಯಾಗ ತನ್ನ ಹೆಸರಿನ ಗುಂಡನ್ನ ಗುರ್ತು ಒತ್ತಿ, ಹಿಂದ ಹಾಕಿ ತಗದ ಆಟದ ಪಟ್ಟಿ ನೋಡಿ, ಅದನ್ನ ಇಳಿಸ್ಕೊತಿದ್ಲು. ತನ್ನ ನಂಬರ್ ಹೊಡೀತಿದ್ಲು, ಸಿಮ್ಮಿಗೆ ಓಟಿಪಿ ಬರ್ತಿತ್ತು, ಮೊದಲಿನದೆಲ್ಲಾ ಇದ್ದಂಗೇ ಬರ್ತಿತ್ತು.

"ದಿನಾ ತಗದ್ರ ಹಾಳಾಗಂಗಿಲ್ಲೇನ?" ಅಂತ ಕೇಳೀನಿ ನಾನು.

"ಫೋನಿನಾಗಿಂದ ಅಷ್ಟೇ ಹೋಗ್ತದ ಅತ್ತಿ. ನನ್ನ ನಂಬರಿನ ಮ್ಯಾಲ ಅವರ ಕಡಿ ಇಟ್ಟಿರ್ತಾರ" ಅಂದ್ಲು.

ಅಳಸ್ತಿದ್ದುದು ಯಾಕ ಅಂದ್ರ ನನ್ನ ಮಗನ ಹೆದರಿಕಿಗೆ. ಸೂರ್ಯಕಾಂತ ಹೈವೇ ಮ್ಯಾಲ ಸಸ್ತಾಪುರ ಬಂಗ್ಲಾ ಅನ್ನೋ ಜಾಗಾದಾಗ ಲಾರಿ ಬಾಡಿ ಕಟ್ಟೋ ಕಡಿ ಡೆಂಟರ್. ನೆಗ್ಗಿದ ತಗಡ ಬಡದು ಸಪಾಟ ಮಾಡೋದು ಅವನ ಕಸಬು. ಮುಂಜಾನಿಂದ ಸಂಜಿ ತನಾ ಬಡೀತಾನ, ಮನಿಗೆ ಬಂದ್ರೂ ಕೈ ನಿಲ್ಲಂಗಿಲ್ಲ. ಬ್ಯಾಳಿ ತಳ ಹತ್ತಿತು ಅಂತ ಒಮ್ಮೆ ವರ್ಷಾನ ಹುಬ್ಬು ಒಡದಿದ್ದ. ಅವತ್ತು ನಾ ಗಿರಣಿಯ ಹಳೇ ಪಟ್ಟಾ ತಗೊಂಡು ಅವನ ಬೆನ್ನ ಮ್ಯಾಲ ಬಾಸುಂಡಿ ಏಳೂವಂಗ ಬಾರಿಸೀನಿ. ಅಳ್ಕೋತ ಕೂತ, ತಪ್ಪಾತು ಅಂದ, ಎರಡು ವಾರ ಸುಮ್ಮಿದ್ದ. ಆಮ್ಯಾಲ ಫೋನ್ ಹಿಡದ್ಯಾಕ ಅಂತ ಆಕಿ ಕೈ ತಿರುವಿದ. ಅಲ್ಲಿಂದ ಶುರು ಆತು ಈ ಅಳಸೋ ಕೆಲಸ.

ಆ ದಿನ ಬಂಗ್ಲಾದಾಗ ಕರೆಂಟ್ ಹೋಗಿ ಅಂವ ಹೊತ್ತು ಮುಳುಗೂ ಮುಂಚೇನೇ ಬಂದ. ಗಿರಣಿ ನಡೀತಿತ್ತು, ನನಗ ಗಾಡಿ ಸದ್ದು ಕೇಳಸ್ಲಿಲ್ಲ. ವರ್ಷಾ ಒಳಗ ರೊಟ್ಟಿ ಬಡ್ಯಾಕತ್ತಿದ್ಲು. ಫೋನ್ ಹಿಟ್ಟಿನ ಡಬ್ಬಿ ಮ್ಯಾಲ ಇತ್ತು, ಆಟ ಇನ್ನೂ ತಗದಿದ್ದಿಲ್ಲ. ಮಧ್ಯಾಹ್ನ ನೆಟ್ ಸಿಗದ ನಿಂತಿದ್ದ ಮೆಸೇಜ್ ಆಗ ಟಿಂಗ್ ಅಂತ ಬಂತು, ಅಂವ ಓದಿದ. ಹೆಸರು ತುಳಜಾರಾಮ. ಕೆಳಗ ಹಿಂಗ ಬರದಿತ್ತು:

"ಜೋಡಿ ಬಿಟ್ಟು ಬರಬ್ಯಾಡ. ಒಂಟಿ ಬಂದ್ರ ದಾರ್ಯಾಗ ಕಡೀತಾರ. ನಾ ಮನಿ ಬಾಗಲಾಗ ಕಾಯಾಕತ್ತೇನಿ. ಇವತ್ತ ಹಣ್ಣಾಗೂಣು."

ಮೊದಲನೇ ಏಟು ಕಪಾಳಕ್ಕ, ಎರಡನೇದು ತಲಿ ಹಿಡದು ಒಲಿ ಮುಂದಿನ ಕಟ್ಟಿ ಮ್ಯಾಲ ಗುದ್ದಿದ್ದು. ಸುಡೋ ಹಂಚು ಉರುಳಿ ಆಕಿ ಪಾದದ ಮ್ಯಾಲ ಬಿತ್ತು. ಯಾರವ ತುಳಜಾರಾಮ, ಎಲ್ಲಿ ಕಾಯಾಕತ್ತಾನ, ಅಂತ ಕೇಳೋದು, ಆಕಿ ಬಾಯಿ ತೆಗದ್ರ ಬಾಯಿಗೇ ಹೊಡಿಯೋದು. ಆಟದ ಮಾತು ರೀ ಅದು, ತೋರಸ್ತೇನಿ ತಡೀರಿ ಅಂತ ಆಕಿ ಫೋನಿಗೆ ಕೈ ಹಾಕ್ಯಾಳ. ಅಷ್ಟರಾಗ ಸೊಂಟಕ್ಕ ಒದ್ದ. ದಿನಾ ಗಂಡನ ಸದ್ದು ಕೇಳಿ ಆಟ ತಗದು ರೂಢಿ ಆದ ಕೈ ಅದು. ಹೆದರಿಕ್ಯಾಗ ಅದನ್ನೇ ಮಾಡಿ ಬಿಡ್ತು, ಆಟ ಅಳಿಸಿ ಹೋತು. ನೋಡು, ನನ್ನ ಕಣ್ಣ ಮುಂದೇ ಅಳಸ್ತಿ ಅಂತ ಅಂವ ಫೋನ್ ಕಸಗೊಂಡು, ಸಿಮ್ ತಗದು, ತಗಡ ಕತ್ತರಸೋ ಕತ್ತರಿಲೆ ಎರಡು ತುಂಡು ಮಾಡಿದ. ನಾ ಗಿರಣಿ ನಿಲ್ಲಿಸಿ ಒಳಗ ಓಡೋದ್ರಾಗ ಸುತ್ತಿಗಿ ತಗೊಂಡು ಗಾಡಿ ಹತ್ತಿದ್ದ. ನೆಲದ ಮ್ಯಾಲ ಹಿಟ್ಟು, ಹಿಟ್ಟಿನ ಮ್ಯಾಲ ರಕ್ತ. ನಿನ್ನ ಕೈ ಸೇದಿ ಹೋಗ್ಲಿ ಅಂತ ನಾ ಹೆತ್ತ ಮಗನಿಗೆ ಶಾಪ ಹಾಕೀನಿ.

ಕಲ್ಯಾಣದ ಗೆಳತಿ ಅಣ್ಣ ಅಂತ ವರ್ಷಾನ ಬಾಯಿಂದ ಬಿದ್ದದ್ದಷ್ಟೇ ಹಿಡ್ಕೊಂಡು ಅಂವ ಕಲ್ಯಾಣಕ್ಕ ಹೋಗಿ, ಕೇಳ್ಕೋತ ಕೇಳ್ಕೋತ ತುಳಜಾರಾಮನ ಅಂಗಡಿ ಹುಡುಕ್ಯಾನ. ಗಿರಾಕಿಗೆ ಸೀರಿ ಬಿಚ್ಚಿ ತೋರಸಾಕತ್ತಿದ್ದ ಆ ಪಾಪದವನ್ನ ಗಾದಿ ಮ್ಯಾಲಿಂದ ಎಳದು ಮೊಣಕೈ ಮ್ಯಾಲ ಸುತ್ತಿಗಿ ಹಾಕ್ಯಾನ. ಎಲುಬು ಪುಡಿ ಪುಡಿ. ಅವನ ಫೋನ್ ಕೆಳಗ ಬಿದ್ದಿತ್ತು, ಅದಕ್ಕೂ ಹಾಕ್ಯಾನ. ನಾಲ್ಕು ಮಂದಿ ಸೇರಿ ಹಿಡದು, ಇವನಿಗೂ ಚಲೋತ್ನ್ಯಾಗ ಬಡದು ಬಿಟ್ರು. ತುಳಜಾರಾಮನ್ನ ಕಲಬುರಗಿ ದವಾಖಾನಿಗೆ ಒಯ್ದ್ರು.

ಆಡಿದಾಕಿ ನಾನು, ಅಣ್ಣ ಅಲ್ಲ ಅಂತ ಮೀನಾ ಅತ್ಲು. ಅಣ್ಣನ್ನ ಉಳಸಾಕ ಸುಳ್ಳು ಹೇಳಾಕತ್ತಾಳ ಅಂದ ಸೂರ್ಯಕಾಂತ. ಅವರ ಮನಿಯವರು ಠಾಣಾಕ್ಕ ಹೋಗಲಿಲ್ಲ, ಲಗ್ನಕ್ಕ ಬಂದ ಮಗಳ ಹೆಸರು ಅಲ್ಲಿ ಬ್ಯಾಡ ಅಂತ. ಮಂಠಾಳದಿಂದ ವರ್ಷಾನ ಅಪ್ಪ ಬಂದ. ಮಗಳ ಬಾತ ಮಾರಿ ನೋಡಿದ, ಕಣ್ಣು ತುಂಬ್ಕೊಂಡ. ಆದ್ರೂ ಆಡಿದ್ದೇನು?

"ಆ ಆಟ ತಗದು ತೋರಸವ್ವಾ. ತೋರಸಿದ್ರ ನಿನ್ನ ಮನಿ ನಿನಗ. ಇಲ್ಲಂದ್ರ ನಮ್ಮ ಅಂಗಳಕ್ಕೂ ಬರಬ್ಯಾಡ, ನಿನ್ನ ಹಿಂದ ತಂಗಿ ಒಬ್ಬಾಕಿ ಅದಾಳ."

ಎರಡೂ ಮನಿ ಬಾಗಲು ಒಂದು ಆಟದ ಮ್ಯಾಲ ನಿಂತ್ವು. ಮಾತಿಗೆ ಕೂಡಿದ್ದ ಎರಡೂ ಕಡಿ ದೊಡ್ಡವರು ಅನ್ನಿಸ್ಕೊಂಡವರು ಎಲ್ಲಾರೂ ಹೌದು ಹೌದು ಅಂತ ಗೋಣು ಹಾಕಿದ್ರು, ಏನೋ ಭಾಳ ನ್ಯಾಯ ಮಾಡ್ದವರಂಗ.

ಬಸ್ ಸ್ಟ್ಯಾಂಡ್ ಹಂತೇಕ ಗಯಾಸುದ್ದೀನನ ಮೊಬೈಲ್ ಅಂಗಡಿ ಅದ. ನಮ್ಮ ಗಿರಣಿಗೆ ಗೋಧಿ ತರ್ತಾನ, ಗುರ್ತಿನವ. ಎಲ್ಲಾರೂ ಅಲ್ಲಿಗೆ ಹೋದ್ವಿ. ಅಂವ ವರ್ಷಾನ ಫೋನಿಗೆ ತನ್ನ ನೆಟ್ ಹಾಕಿ, ವರ್ಷಾ ಹೇಳಿದಂಗ ಹುಡುಕಿ ಆಟ ಇಳಿಸಿದ. ತೆರದ್ರ ಏನೂ ಇಲ್ಲ. ಹೊಸಬರಿಗೆ ಬರೋ ಹಂಗ ಖಾಲಿ ಆಟ, ಹೆಸರಿಲ್ಲ, ಗೆಳತ್ಯಾರಿಲ್ಲ, ಒಂದು ಮೆಸೇಜ್ ಇಲ್ಲ.

ಸೂರ್ಯಕಾಂತ ಆಕಿ ಹೆರಳು ಹಿಡದು ಮಾರಿ ತಗದು ಕೌಂಟರಿನ ಗ್ಲಾಸಿಗೆ ಕುಟ್ಟಿದ. ಗ್ಲಾಸು ಒಡದು ಆಕಿ ತುಟಿ ಸೀಳ್ತು. ಗಯಾಸುದ್ದೀನ ಕೌಂಟರ್ ಹಾರಿ ನಡುವ ಬಂದ, ಮೊಣಕೈ ಏಟು ಬಿದ್ದು ಅವನ ಬಾಯಾಗೂ ರಕ್ತ. ನಾ ಹಿಂದಿನಿಂದ ಮಗನ ಕುತ್ತಿಗಿಗೆ ಸೆರಗು ಹಾಕಿ ಜಗ್ಗೀನಿ. ಉಸಿರು ಕಟ್ಟಿ ಅಂವ ಕುಕ್ಕರಸ್ದ. ಆಕಿ ಅಪ್ಪ ಮಾತ್ರ ಬಾಗಲಾಗ ನಿಂತಲ್ಲೇ ನಿಂತಿದ್ದ.

ಗಯಾಸುದ್ದೀನ ರಕ್ತ ಉಗುಳಿ ಅಂದ, "ಅರೇ ಭಾಯ್, ನಂಬರ್ ಹಾಕದ ತೆರದ್ರ ಖಾಲಿನೇ ಬರ್ತದ. ಆಕಿ ನಂಬರಿಗೆ ಓಟಿಪಿ ಬಂದ್ರ ಹಳೇದು ಸಿಗಬಹುದು. ಸಿಮ್ ಎಲ್ಲದ?"

"ಸಿಮ್ ಇವರು ಕತ್ತರಸ್ಯಾರ" ಅಂದ್ಲು ವರ್ಷಾ, ತುಟಿ ಒತ್ತಿ ಹಿಡ್ಕೊಂಡು.

ಗಯಾಸುದ್ದೀನ ನನ್ನ ಮಾರಿ ನೋಡಿದ. ಆಕಿದು ತಪ್ಪಿಲ್ಲ ಅಂತ ತೋರಸೋ ವಸ್ತು ಒಂದೇ ಒಂದಿತ್ತು, ಅದನ್ನ ತುಂಡು ಮಾಡಿದವ ನನ್ನ ಮಗ. ಮಾಡಿ, ಮತ್ತ ಸಾಕ್ಷಿ ತಾ ಅಂತ ಆಕಿನ್ನೇ ಬಡ್ಯಾಕತ್ತಾನ. ನಾ ಅವತ್ತೇ ಆಕಿ ಆಧಾರ್ ತಗೊಂಡು ಹೋಗಿ ಅದೇ ನಂಬರಿನ ಹೊಸ ಸಿಮ್ ಮಾಡಿಸೀನಿ. ಚಾಲೂ ಆಗೋ ತನಾ ಆಕಿನ್ನ ನನ್ನ ಕ್ವಾಣ್ಯಾಗ ಇಟ್ಕೊಂಡು, ಒಳಗಿಂದ ಅಗಳಿ ಹಾಕಿ, ಕೈಯಾಗ ಪಟ್ಟಾ ಹಿಡದು ಕೂತೀನಿ. ಅಂವ ಹೊರಗಿಂದ ಬಾಗಲು ಒದ್ದ. ಮುರದು ಒಳಗ ಬಾ, ನೋಡೂಣು ಅಂದೀನಿ. ಬರಲಿಲ್ಲ.

ಮರುದಿನ ಮತ್ತ ಅದೇ ಅಂಗಡಿ, ಅದೇ ಮಂದಿ. ಕಲ್ಯಾಣದಿಂದ ತುಳಜಾರಾಮನ ಅಪ್ಪನೂ ಬಂದಿದ್ದ. ಗಯಾಸುದ್ದೀನ ನಂಬರ್ ಹಾಕಿದ. ಓಟಿಪಿ ಬರಲೊಲ್ದು. ಮತ್ತೊಮ್ಮೆ ಒತ್ತಿದ. ವರ್ಷಾ ನನಗ ಒತ್ತಿ ನಿಂತಿದ್ಲು. ಆಮ್ಯಾಲ ಬಂತು. ಆಟ ತೆರಕೊಂತು, ವರ್ಷಾ ಅಂತ ಹೆಸರು ಬಂತು, ಗೆಳತ್ಯಾರ ಜಾಗಾದಾಗ ತುಳಜಾರಾಮ ಅಂತ ಬಂತು. ಗಯಾಸುದ್ದೀನ ಒಂದೊಂದೇ ದೊಡ್ಡದಾಗಿ ಓದಿದ.

"ನಿನ್ನ ಹಸರು ಕಾಯಿ ಕಡದ್ರಲ್ಲೇ ವರ್ಷಾ." "ಅಣ್ಣ ಎದ್ದ, ಫೋನ್ ಕೊಡಬೇಕು, ನಾಳೆ ಆಡೂಣು." "ನಾ ಹೊಲದ ಬ್ಲೌಸಿನ ತೋಳು ಉಲ್ಟಾ ಆಗ್ಯಾವ, ಬೈಸ್ಕೊಂಡೆ." ಒಂದು ದನಿ ಮೆಸೇಜೂ ಇತ್ತು. ಒತ್ತಿದ ಕೂಡ್ಲೇ ಮೀನಾ ಖಿಲ್ಲನ ನಕ್ಕು, ಜೋಡಿ ಬಿಟ್ಟಿ ಅಂದ್ರ ಸಾಯ್ತಿ ನೋಡು ಅಂದ್ಲು. ತುಳಜಾರಾಮನ ಅಪ್ಪ ಮಗಳ ದನಿ ಕೇಳಿ ಅಲ್ಲೇ ಸ್ಟೂಲ್ ಮ್ಯಾಲ ಕುಸದು ಕೂತ.

ಆತು, ಎಲ್ಲಾರ ಮಾರಿ ಅರಳಿದ್ವು. ಆಟದ ಮಾತಿಗೆ ಇಷ್ಟೆಲ್ಲಾ ರಾದ್ಧಾಂತ ಅಂತ ಒಬ್ಬಾಂವ ನಕ್ಕ. ದವಾಖಾನಿದು ಸೂರ್ಯಕಾಂತ ನೋಡ್ಕೊಳ್ಲಿ, ಇಲ್ಲಿಗೆ ಮುಗಸ್ರಿ ಅಂತ ಇನ್ನೊಬ್ಬಾಂವ ಅಂದ. ನನ್ನ ಮಗ ಕಣ್ಣೀರು ಹಾಕಿದ. ತಪ್ಪಾತು ವರ್ಷಾ, ನಡಿ ಮನಿಗೆ ಅಂದ. ಆಕಿ ಅಪ್ಪ, ಹೋಗವ್ವಾ ಅಂದ.

ವರ್ಷಾ ಗಂಡನ ಮಾರಿ ನೋಡಿ ಕೇಳಿದ್ಲು, "ಓಟಿಪಿ ಬರದಿದ್ರ ಏನ್ ಮಾಡ್ತಿದ್ರಿ?"

"ಬಂತಲ್ಲ ಈಗ, ಬಿಡು."

"ಬರದಿದ್ರ?"

ಅಂವ ಮೂಗು ಒರಸ್ಕೊಂಡ. ಖರೇ ಹೇಳ್ತೇನಿ, ಅವನ ದನ್ಯಾಗ ಸಿಟ್ಟಿರಲಿಲ್ಲ. ಪ್ರೀತಿ ಮಾತು ಆಡಿದವರಂಗ ಅಂದ, "ಕೊಂದು ಬಿಡ್ತಿದ್ದೆ. ನಿನ್ನ ಮ್ಯಾಲ ಅಷ್ಟು ಜೀವ ಅದ ನಂದು."

ಮಂದಿ ಮತ್ತ ನಕ್ಕರು. ವರ್ಷಾ ನಗಲಿಲ್ಲ. ಕೌಂಟರ್ ಮ್ಯಾಲಿನ ಫೋನ್ ತಗೊಂಡ್ಲು, ಚಪ್ಪಲಿ ಮೆಟ್ಟಿದ್ಲು, ಸುಟ್ಟ ಪಾದ ಎಳ್ಕೋತ ರೋಡಿಗೆ ಇಳದ್ಲು. ಎಲ್ಲಿಗೆ ಅಂತ ಅಪ್ಪ ಕೂಗಿದ. ಠಾಣಾಕ್ಕ ಅಂದ್ಲು, ಹಿಂದ ತಿರುಗಲಿಲ್ಲ. ಸೂರ್ಯಕಾಂತ ಹಲ್ಲು ಕಡದು ಬೆನ್ನತ್ತಿದ. ನಾ ಅಡ್ಡ ಹೋಗಿ ಎದಿಗೆ ಎರಡೂ ಕೈಲೆ ದಬ್ಬೀನಿ, ಅಂವ ಮೂಲ್ಯಾಗ ಗುಡಿಸಿಟ್ಟಿದ್ದ ಒಡದ ಗ್ಲಾಸಿನ ಮ್ಯಾಲ ಬಿದ್ದ. ಎಬ್ಬಿಸಲಿಲ್ಲ, ಸೊಸಿ ಹಿಂದ ನಡದೀನಿ.

ಠಾಣಾದಾಗ ಆಕಿ ಎಲ್ಲಾ ಹೇಳಿದ್ಲು, ಒಂದು ಹನಿ ಕಣ್ಣೀರಿಲ್ಲದ. ಕೊಂದು ಬಿಡ್ತಿದ್ದೆ ಅಂದದ್ದು ಯಾರರೇ ಕೇಳ್ಯಾರೇನು ಅಂತ ಬರ್ಕೊಳ್ಳೋ ಸಾಹೇಬ್ರು ಕೇಳಿದ್ರು. ಭಾಳ ಮಂದಿ ಕೇಳ್ಯಾರ್ರೀ, ಆದ್ರ ಹೇಳಾಕ ಬಂದಾಕಿ ನಾ ಒಬ್ಬಾಕಿನೇ ಅಂದೀನಿ.

"ಈ ಹುಡುಗಿಗೆ ನೀವು ಏನಾಗಬೇಕು?"

"ಅತ್ತಿ."

ಅವರು ಬರದು, ತಲಿ ಎತ್ತದ ಕೇಳಿದ್ರು, "ಆರೋಪಿಗೆ?"

"ಅವ್ವ" ಅಂದೀನಿ.

ಪೆನ್ನು ನಿಂತಿತು. ಬರ್ಕೋರಿ ಸಾಹೇಬ್ರ ಅಂದೀನಿ ನಾ.