ಮೇಲೆ ಬಾಚಿದ ಕೂದಲು

ನಾಯಿಗಳ ಕೂದಲು ಬಾಚಿ ಕತ್ತರಿಸುವುದು ಅವಳ ಕಸುಬು. ಬಾಯಿ ಕತ್ತರಿಗಿಂತ ಹರಿತ. ಆ ದಿನ ಬಂದ ದಟ್ಟ ಕೂದಲಿನ ನಾಯಿಯ ಬೆನ್ನು ರೇಷ್ಮೆಯಂತೆ ಹೊಳೆಯುತ್ತಿತ್ತು. ಬೆರಳಿಂದ ಬಿಡಿಸಿ ನೋಡಿದರೆ ಅಡಿಯಲ್ಲಿ ಗಂಟುಗಟ್ಟಿದ ಒದ್ದೆ ತುಪ್ಪಳ, ಅದರ ಕೆಳಗೆ ಕೀವು.

“ದಿನಾ ಸ್ನಾನ ಮಾಡಿಸ್ತೀನಲ್ಲಮ್ಮ,” ಎಂದ ನಾಯಿಯ ಯಜಮಾನ.

“ಮಾಡಿಸ್ತೀರಿ, ಬುಡ ಒಣಗಿಸಲ್ಲ. ಮೇಲೆ ಥಳಕು, ಒಳಗೆ ಹುಳುಕು. ಚರ್ಮ ನೋಡ್ಬೇಕು ಸ್ವಾಮಿ.”

ಸಂಜೆ ಮನೆಯಲ್ಲಿ, ಹಾಸಿಗೆ ಹಿಡಿದ ಅತ್ತೆಗೆ ಎಂದಿನಂತೆ ಮುಖ ಒರೆಸಿ, ತಲೆ ಬಾಚಿ, ಹೊದಿಕೆ ಸರಿಮಾಡಿದಳು. ಕೈಗೆ ಆ ನಾಯಿಯ ಕೀವಿನ ವಾಸನೆ ಅಂಟಿದೆ ಎಂದುಕೊಂಡು ಸೋಪು ಹಚ್ಚಿ ತೊಳೆದಳು. ವಾಸನೆ ಹೋಗಲಿಲ್ಲ. ಆಮೇಲೆ ಅತ್ತೆಯನ್ನು ಮಗ್ಗುಲಿಗೆ ಹೊರಳಿಸಿದಳು. ಬೆನ್ನಿಗೆ ಅಂಟಿದ್ದ ಬಟ್ಟೆ ಚರ್ಮದ ಸಮೇತ ಬಂತು.

“ಸುಸ್ತಾಗಿ ಬರ್ತೀಯಲ್ಲ,” ಎಂದರು ಅತ್ತೆ, “ಅದಕ್ಕೇ ಹೇಳ್ಲಿಲ್ಲ ಕಣೆ.”