ವಿಷ ಹಾಕುವವಳ ಹೆಜ್ಜೆ

ನಮ್ಮ ಚಿಕ್ಕಪ್ಪನ ಕೆಲಸವನ್ನು ಹೊಸಬರಿಗೆ ವಿವರಿಸುವಷ್ಟರಲ್ಲಿ ಸಾಕುಸಾಕಾಗುತ್ತದೆ. ಸಿನಿಮಾ, ಸೀರಿಯಲ್‌ಗಳ ಚಿತ್ರೀಕರಣದಲ್ಲಿ ಸರಿಯಾಗಿ ದಾಖಲಾಗದ ಸಣ್ಣಪುಟ್ಟ ಸದ್ದುಗಳನ್ನು ಆಮೇಲೆ ಸ್ಟುಡಿಯೋದಲ್ಲಿ ಪರದೆ ನೋಡಿಕೊಂಡು ಹುಟ್ಟಿಸುವವರು ಅವರು. ಹದ್ದು ಹಾರಬೇಕಾದರೆ ಕೊಡೆಯನ್ನು ಬಿಚ್ಚಿ ಮುಚ್ಚುತ್ತಾರೆ. ನಾಯಕನ ಪಕ್ಕೆಲುಬು ಮುರಿಯಬೇಕಾದರೆ ಸೌತೆಕಾಯಿ ಮುರಿಯುತ್ತಾರೆ. ಮುರಿದ ಪಕ್ಕೆಲುಬನ್ನು ಉಪ್ಪು ಹಚ್ಚಿಕೊಂಡು ತಿನ್ನುತ್ತಾರೆ. ಇಷ್ಟು ಚುರುಕಾದ ಕಿವಿಗೆ ತಮ್ಮ ಗೊರಕೆ ಮಾತ್ರ ಇನ್ನೂ ಬಿದ್ದಿಲ್ಲ.

ಕಳೆದ ತಿಂಗಳು ಒಂದು ಸಂಜೆ ಅವರೇ ನಮ್ಮನ್ನೆಲ್ಲ ಕರೆದು ಟಿವಿ ಮುಂದೆ ಕೂರಿಸಿದರು. ಸೀರಿಯಲ್ಲಿನ ಕೆಟ್ಟ ಅತ್ತೆ ಸೊಸೆಯ ಹಾಲಿಗೆ ವಿಷ ಬೆರೆಸಲು ಬರುತ್ತಿದ್ದಳು. ಮುಖ ಕಾಣಲಿಲ್ಲ, ಪಾದಗಳಷ್ಟೇ. ಎರಡು ಹೆಜ್ಜೆ ಹಗುರ, ಮೂರನೆಯದು ಹಿಮ್ಮಡಿ ಊರಿ ದಢ್. ಬಟಾಣಿ ಸುಲಿಯುತ್ತಿದ್ದ ಚಿಕ್ಕಮ್ಮನ ಕೈ ನಿಂತಿತು.

“ಇದು ನನ್ನ ನಡಿಗೆ ಅಲ್ವಾ?”

ಚಿಕ್ಕಪ್ಪ ಕೆಮ್ಮಿದರು. “ಹೆಂಗಸರ ಹೆಜ್ಜೆ ಅಂದ ತಕ್ಷಣ ನನ್ನ ಕಾಲಿಗೆ ನಿಂದೇ ಬರುತ್ತೆ ಕಣೆ. ನಾಯಕಿಯರಿಗೂ ಅದನ್ನೇ ಹಾಕಿದ್ದೀನಲ್ಲ!”

“ಇಪ್ಪತ್ತು ವರ್ಷದಲ್ಲಿ ಅದನ್ನ ಒಂದ್ಸಲನಾದ್ರೂ ಹೇಳಿದ್ರಾ? ವಿಷ ಹಾಕೋವಾಗ ಮಾತ್ರ ಮನೆಮಂದೀನೆಲ್ಲ ಕರೆದ್ರಿ.”

ಅವತ್ತಿನಿಂದ ಚಿಕ್ಕಮ್ಮ ಮಾತು ಬಿಡಲಿಲ್ಲ, ಸದ್ದು ಬಿಟ್ಟರು. ಬೆಕ್ಕಿನಂತೆ ನಡೆಯತೊಡಗಿದರು. ಬೆನ್ನ ಹಿಂದೆ ಇದ್ದಕ್ಕಿದ್ದಂತೆ “ತಿಂಡಿ ಆಯ್ತು” ಎಂದರೆ ಪೇಪರ್ ಓದುತ್ತಿದ್ದ ಚಿಕ್ಕಪ್ಪ ಬೆಚ್ಚಿಬೀಳುವರು. ಹೆಂಡತಿ ಬಚ್ಚಲಲ್ಲಿದ್ದಾಳೋ ಹಿತ್ತಿಲಲ್ಲಿದ್ದಾಳೋ ತಿಳಿಯದೆ ಕೋಣೆಯಿಂದ ಕೋಣೆಗೆ ಕತ್ತು ಚಾಚಿ ನೋಡುವರು. ಮನೆ ತುಂಬಾ ಜನರಿದ್ದರೂ ಅವರಿಗದು ಖಾಲಿ.

“ಸ್ವಲ್ಪ ಗಟ್ಟಿಯಾಗಿ ನಡಿಯೇ,” ಎಂದು ನನ್ನೆದುರೇ ಬೇಡಿಕೊಂಡರು.

“ಯಾಕೆ, ಇನ್ಯಾರನ್ನ ಸಾಯಿಸ್ಬೇಕು?”

ಮುಂದಿನ ಕಂತಿನಲ್ಲಿ ಆ ಅತ್ತೆಗೆ ಬೇರೆ ನಡಿಗೆ ಕೊಡಲು ಚಿಕ್ಕಪ್ಪ ಹೆಂಗಸರ ಚಪ್ಪಲಿ ಮೆಟ್ಟಿಕೊಂಡು ಸ್ಟುಡಿಯೋದ ಕಲ್ಲುಚಪ್ಪಡಿಯ ಮೇಲೆ ಬೆಳಿಗ್ಗೆಯೆಲ್ಲ ಹೆಣಗಾಡಿದರಂತೆ. ಎಷ್ಟು ತಪ್ಪಿಸಿದರೂ ಮೂರನೆಯ ಹೆಜ್ಜೆ ದಢ್ ಎಂದೇ ಬೀಳುತ್ತಿತ್ತು. ಕೊನೆಗೆ ಆ ಚಪ್ಪಲಿ ಕಳಚಿಟ್ಟು, ಏನೂ ನಟಿಸದೆ, ತಾವು ನಡೆಯುವಂತೆಯೇ ನಡೆದುಬಿಟ್ಟರು. ಮಂಡಿನೋವಿನ ಎಡಗಾಲು ಸರ್ರನೆ ನೆಲ ಉಜ್ಜಿತು.

ಗಾಜಿನಾಚೆ ಕೂತು ಧ್ವನಿ ಮುದ್ರಿಸುತ್ತಿದ್ದವರು, “ಸಾರ್, ವಿಷ ಹಾಕೋಳಿಗೆ ವಾತ ಹಿಡೀತಾ?” ಎಂದರಂತೆ.

“ಅವಳಿಗೂ ವಯಸ್ಸಾಗಲ್ವೇನ್ರೀ? ಮುಂದಿನ ದೃಶ್ಯ ಹಾಕಿ.”

ಆ ಕಂತು ಬಂದ ಸಂಜೆ ಚಿಕ್ಕಮ್ಮ ಟಿವಿಗೆ ಬೆನ್ನು ಹಾಕಿ ಬಟ್ಟೆ ಮಡಿಸುತ್ತಿದ್ದರು. ಕೆಟ್ಟ ಅತ್ತೆ ಒಂದು ಕಾಲು ಊರಿ, ಒಂದು ಕಾಲು ಎಳೆದು ಮೆಟ್ಟಿಲಿಳಿದಳು. ಚಿಕ್ಕಮ್ಮ ತಿರುಗಿ ನೋಡಲಿಲ್ಲ. ನಗು ತಡೆಯಲಾಗದೆ ಭುಜ ಮಾತ್ರ ಕುಲುಕತೊಡಗಿತು.

“ಕಾಲು ಇಷ್ಟು ನೋಯುತ್ತೆ ಅಂತ ಬಾಯಿಬಿಟ್ಟು ಹೇಳೋಕೇನು ರೋಗ ನಿಮಗೆ?” ಎನ್ನುತ್ತ ಮುಲಾಮು ತರಲು ಎದ್ದರು. ಒಳಕೋಣೆಯ ಕಡೆಗೆ ಎರಡು ಹೆಜ್ಜೆ ಹಗುರ, ಮೂರನೆಯದು ದಢ್.

ಚಿಕ್ಕಪ್ಪ ರಿಮೋಟ್ ಎತ್ತಿಕೊಂಡು ಟಿವಿಯ ಬಾಯಿ ಮುಚ್ಚಿಸಿದರು.