ಗೊತ್ತಿಲ್ಲದ ಕಾಯಿಗಳ ಗುಡ್ಡೆ

ಅಟ್ಟದಲ್ಲಿ ವರ್ಷ ಕಳೆದ ತೆಂಗಿನಕಾಯಿಯನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿದರೆ ಮೂರು ಬಗೆಯಲ್ಲಿ ಒಂದು ಆಗುತ್ತದೆ. ನೀರು ಕುಲುಕಿದರೆ ಅದಿನ್ನೂ ಹಸಿ, ಅಟ್ಟದಲ್ಲೇ ಇರಬೇಕು. ಲೊಡಲೊಡ ಎಂದು ಉರುಳಿದರೆ ನೀರು ಇಂಗಿ, ತಿರುಳು ಚಿಪ್ಪಿನಿಂದ ಬಿಟ್ಟುಕೊಂಡು, ಇಡೀ ಉಂಡೆ ಕೊಬ್ಬರಿಯಾಗಿದೆ ಎಂದು ಅರ್ಥ. ಅದನ್ನು ಕೆಳಗೆ ಹಾಕಬಹುದು. ಮೂರನೆಯದು, ಏನೂ ಕೇಳಿಸದೆ ಇರುವುದು. ಅದರ ಬಗ್ಗೆ ಅತ್ತೆ ನನಗೆ ಏನು ಹೇಳಿಕೊಟ್ಟಿದ್ದರು ಎಂಬುದು ಎಷ್ಟು ಯೋಚಿಸಿದರೂ ನೆನಪಾಗುತ್ತಿಲ್ಲ. ಹೇಳಿಯೇ ಇರಲಿಲ್ಲವೋ, ನನ್ನ ಬಲಗಡೆ ನಿಂತು ಹೇಳಿದ್ದರೋ.

ನನ್ನ ಬಲಗಿವಿ ಕೇಳಿಸುವುದಿಲ್ಲ. ಎಡಗಿವಿ ಅದೇ ದಾರಿ ಹಿಡಿದಿದೆ. ಇದು ಯಾವಾಗ ಶುರುವಾಯಿತೆಂದು ಒಂದು ದಿನವನ್ನು ತೋರಿಸಿಬಿಟ್ಟರೆ ಓದುವವರಿಗೆ ಸುಲಭ. ಮೊದಲ ಸಲ ಬರೆದಾಗ, ಶಾಲೆಯಲ್ಲಿ ಪಾಠ ಮುಗಿಸಿ ತುರುವೇಕೆರೆ ಬಸ್ಸಿನಲ್ಲಿ ಬರುತ್ತಿದ್ದಾಗ ಫೋನನ್ನು ಬಲಗಿವಿಯಿಂದ ಎಡಗಿವಿಗೆ ದಾಟಿಸಿದ ಸಂಜೆಯಿಂದ ಆರಂಭಿಸಿದ್ದೆ. ಆಚೆ ಮಳೆ ಬರುತ್ತಿತ್ತು ಎಂದೂ ಬರೆದೆ. ಆಮೇಲೆ ಓದಿ ನೋಡಿದರೆ ಆ ಮಳೆಯೂ ಸುಳ್ಳು, ಬಹುಶಃ ಆ ಸಂಜೆಯೂ ಸುಳ್ಳು. ಹೊಡೆದುಹಾಕಿದೆ. ನಿಜವಾಗಿ ಗೊತ್ತಿರುವುದು ಇಷ್ಟೇ: ತುಮಕೂರಿನಲ್ಲಿ ವೈದ್ಯರೊಬ್ಬರು ಕಿವಿಯೊಳಗಿನ ಪುಟ್ಟ ಮೂಳೆ ಬಿಗಿದುಕೊಂಡಿದೆ ಎಂದು ತಿಳಿಸಿದರು, ನಾನು ಅದನ್ನು ಗಂಡನಿಗೆ ಬಿಟ್ಟು ಯಾರಿಗೂ ಹೇಳಲಿಲ್ಲ.

ಹೇಳದಿರುವುದಕ್ಕೆ ಕಾರಣ ಅಟ್ಟ. ದಂಡಿನಶಿವರದ ಕಡೆಯ ನಮ್ಮ ಮನೆಯಲ್ಲಿ ಕಾಯಿ ಆಡಿಸಿ ನೋಡುವ ಕೆಲಸ ಅತ್ತೆಯದಾಗಿತ್ತು. ಅವರು ಹೋದಮೇಲೆ ನನ್ನದಾಯಿತು. ಹಟ್ಟಿ, ಹಸು, ಅಡುಗೆ ಎಲ್ಲದರಲ್ಲೂ ನನ್ನ ಓರಗಿತ್ತಿಯೇ ಚುರುಕು. ನನ್ನ ಹೆಸರಿಗೆ ಇದ್ದದ್ದು ಈ ಕಿವಿಯೊಂದೇ.

ಹೋದ ವರ್ಷ ಅಟ್ಟ ಇಳಿಸುವಾಗ ಬಲಗಡೆ ಆಡಿಸಿದೆ, ಇಲ್ಲ. ಎಡಗಡೆ ಆಡಿಸಿದೆ, ಒಂದಕ್ಕೆ ಇದೆ, ಒಂದಕ್ಕೆ ಇಲ್ಲ. ಕೊನೆಗೆ ಕೈಯಲ್ಲೇ ತೂಗಿ, ಹಗುರ ಇದ್ದದ್ದನ್ನೆಲ್ಲ ಕೆಳಗೆ ಹಾಕಿದೆ. ಚಿಕ್ಕ ಹಸಿಕಾಯಿಯೂ ದೊಡ್ಡ ಒಣಕಾಯಿಯೂ ಕೈಗೆ ಒಂದೇ ಭಾರ ಎಂಬುದು ಅಟ್ಟದ ಮೇಲೆ ಕೂತಿದ್ದ ವಿಜ್ಞಾನದ ಟೀಚರಿಗೆ, ಅಂದರೆ ನನಗೆ, ಹೊಳೆಯಲಿಲ್ಲ.

ಅದು ಗೊತ್ತಾದದ್ದು ಮಾರನೆಯ ದಿನ ಅಂಗಳದಲ್ಲಿ. ಪ್ರತಿ ವರ್ಷ ಪಕ್ಕದ ಊರಿನಿಂದ ಒಬ್ಬ ಹೆಂಗಸು ಚಿಪ್ಪು ಒಡೆಯಲು ಬರುತ್ತಾಳೆ. ಮಟ್ಟೆ ಸುಲಿದ ಕಾಯಿಯನ್ನು ಅಂಗೈಯಲ್ಲಿ ತಿರುಗಿಸುತ್ತ ಮಚ್ಚಿನಿಂದ ತಟ್ಟಿದಳೆಂದರೆ ಚಿಪ್ಪು ಮಾತ್ರ ಕಳಚಿ, ಒಳಗಿನ ಉಂಡೆ ಗೀರಿಲ್ಲದೆ ಹೊರಗೆ ಬರುತ್ತದೆ. ಆ ದಿನ ಚೂರು ಚೂರಾಗಿ ಬರುತ್ತಿತ್ತು.

ನೀರು ಕುಡಿಯಲು ಇಳಿದು ಬಂದವಳು ಬಾಗಿಲಲ್ಲಿ ನಿಂತಿದ್ದೆ, ಎಡಗಿವಿ ಅಂಗಳದ ಕಡೆಗಿತ್ತು.

"ಏನಮ್ಮ ಇದು, ಬೆಳಿಗ್ಗೆಯಿಂದ ಬರೀ ಚೂರೇ ಬೀಳ್ತಾ ಐತಲ್ಲ? ನಿಗಾ ಎಲ್ಲಿ ಮಡಗಿದ್ದೀಯ?" ಎಂದಳು ಓರಗಿತ್ತಿ.

"ನಾನೇನ್ ಬೇಕೂಂತ ಒಡೀತೀನಾ? ತಿರುಳು ಚಿಪ್ಪಿಗೆ ಕಚ್ಕಂಡೈತೆ. ಇವು ಇನ್ನೂ ಆಗಿಲ್ಲ."

"ಆಗಿಲ್ದೆ ನಮ್ಮಕ್ಕ ಕೆಳಗೆ ಹಾಕ್ತಾರಾ? ಅತ್ತೆ ಹತ್ರ ಕಲ್ತವ್ರು ಕಣೇ ಅವ್ರು. ನಿನ್ನ ಕೈಗೇ ವಯಸ್ಸಾಯ್ತು ಬುಡು. ನಾಳೆಯಿಂದ ಬೇರೆಯವರನ್ನ ನೋಡ್ತೀವಿ."

ಆಕೆ ಮಚ್ಚನ್ನು ಕೆಳಗಿಟ್ಟು ತನ್ನ ಅಂಗೈಯನ್ನು ತಿರುಗಿಸಿ ನೋಡಿಕೊಂಡಳು. ಇಷ್ಟನ್ನು ನಾನು ಕಂಡದ್ದು ಖಂಡಿತ. ಕಂಡು, ನೀರು ಕುಡಿದು, ಮತ್ತೆ ಅಟ್ಟ ಹತ್ತಿದೆ.

ಮೇಲೆ ಕೂತವಳಿಗೆ ವೈದ್ಯರು ಕಿವಿ ಪರೀಕ್ಷಿಸಿದ ಉಕ್ಕಿನ ಕವಲುಕಡ್ಡಿ, ಆ ಟ್ಯೂನಿಂಗ್ ಫೋರ್ಕ್, ನೆನಪಾಯಿತು. ಅದನ್ನು ತಟ್ಟಿ ಕಿವಿಯ ಮುಂದೆ ಹಿಡಿದಾಗ ಏನೂ ಕೇಳಿಸಿರಲಿಲ್ಲ. ಕಿವಿಯ ಹಿಂದಿನ ಮೂಳೆಗೆ ಒತ್ತಿದಾಗ ಜುಂಯ್ ಎಂದಿತ್ತು. ಹಾಗಾದರೆ ಕಾಯಿ? ಕೆಳಗಿನಿಂದ ಸುಲಿದ ಕಾಯಿಗಳನ್ನು ಮಂಕರಿಯಲ್ಲಿ ತಂದುಕೊಂಡು, ಒಂದನ್ನು ದವಡೆಗೆ ಒತ್ತಿ ತಲೆಯ ಸಮೇತ ಅಲ್ಲಾಡಿಸಿದೆ. ಲೊಡಕ್. ಕೇಳಿಸಿತು ಅನ್ನುವುದಕ್ಕಿಂತ ತಲೆಬುರುಡೆಯೊಳಗೆ ಯಾರೋ ಬಾಗಿಲು ತಟ್ಟಿದ ಹಾಗೆ. ಇನ್ನೊಂದನ್ನು ಹಣೆಗೆ ಒತ್ತಿದೆ. ಮತ್ತೊಂದನ್ನು ಕಿವಿಯ ಹಿಂದೆ. ನಾರು ಚುಚ್ಚಿ ಕೆನ್ನೆ ಉರಿಯತೊಡಗಿದರೂ ಬಿಡಲಾಗಲಿಲ್ಲ. ಯಾರಾದರೂ ನೋಡಿದ್ದರೆ ಈ ಹೆಂಗಸಿಗೆ ಕಾಯಿಯ ಜೊತೆ ಜಗಳ ಎಂದುಕೊಳ್ಳುತ್ತಿದ್ದರು.

ಮಂಕರಿ ಮುಗಿಯುವ ಹೊತ್ತಿಗೆ ನನ್ನ ಪಕ್ಕದಲ್ಲಿ ಎರಡಲ್ಲ, ಮೂರು ಗುಡ್ಡೆ ಆಗಿದ್ದವು. ಆದವು, ಆಗದವು, ದವಡೆಗೂ ಗೊತ್ತಾಗದವು. ಮೂರನೆಯದು ಚಿಕ್ಕದೇನಾಗಿರಲಿಲ್ಲ. ನಾನು ಅಷ್ಟೂ ಕಾಯಿಗಳ ಬಗ್ಗೆ ಗೊತ್ತಿದೆ ಎಂದು ಹೇಳಿ ಕೆಳಗೆ ಹಾಕಿದ್ದೆ. ಆಮೇಲೊಂದು ಪ್ರಶ್ನೆ ಹುಟ್ಟಿತು: ಕಿವಿ ಚೆನ್ನಾಗಿದ್ದ ಕಾಲದಲ್ಲಿ ಇವು ಎಲ್ಲಿದ್ದವು? ಆಗಲೂ ಸದ್ದಿಲ್ಲದ ಕಾಯಿಗಳು ಇದ್ದಿರಲೇಬೇಕು. ಅವನ್ನು ಯಾವ ಧೈರ್ಯದ ಮೇಲೆ ಈ ಕಡೆಗೋ ಆ ಕಡೆಗೋ ಎಸೆಯುತ್ತಿದ್ದೆ?

ನನ್ನನ್ನು ಏಣಿ ಇಳಿಸಿದ್ದು ನ್ಯಾಯಬುದ್ಧಿ ಎಂದು ಬರೆದುಕೊಳ್ಳಲು ಇಷ್ಟ. ಆಕೆಯ ಅಂಗೈ ಕಣ್ಣ ಮುಂದಿದ್ದದ್ದು ನಿಜ. ಆದರೆ ಆ ಮೂರನೆಯ ಗುಡ್ಡೆಯ ಕಾಯಿಗಳ ಒಳಗೆ ಏನಿದೆ ಎಂದು ನೋಡುವ ಆಸೆಯೂ ಅಷ್ಟೇ ಜೋರಾಗಿತ್ತು. ಒಡೆದು ತೋರಿಸಲು ಆಕೆಯೇ ಬೇಕು. ಆಕೆ ಬೇಕಾದರೆ ಮೊದಲು ನಿಜ ಹೇಳಬೇಕು.

ಅಂಗಳದಲ್ಲಿ ಇಬ್ಬರೂ ಇದ್ದರು. "ತಪ್ಪು ಇವರ ಕೈಯದಲ್ಲ," ಎಂದೆ. "ನನಗೆ ಕಿವಿ ಕೇಳಿಸಲ್ಲ. ಕೈಯಲ್ಲಿ ತೂಗಿ, ಊಹೆ ಮಾಡಿ ಹಾಕಿದ್ದೀನಿ."

ಓರಗಿತ್ತಿ ನನ್ನ ಮುಖ ನೋಡಿದಳು. ಚಿಪ್ಪು ಒಡೆಯುವವಳು ಕೇಳಿದ್ದು ಒಂದೇ ಮಾತು. "ಯಾವ ಕಿವಿ, ಟೀಚರಮ್ಮ?"

"ಬಲಗಡೇದು ಪೂರ್ತಿ. ಎಡಗಡೇದೂ ಅರ್ಧ."

"ಅಯ್ಯೋ ನಿಮ್ಮ! ಹೋದ ಸಲವೆಲ್ಲ ನಿಮ್ಮ ಬಲಗಡೆನೇ ಕುಂತಿದ್ದೆ. ಕೇಳಿಸ್ಕಂಬುಟ್ಟೀರಿ ಅಂತ ನಿಮ್ಮ ಮ್ಯಾಲೆ ಒಂದು ಮಾತೂ ಆಡ್ದೆ ಬಾಯಿ ಕಟ್ಕಂಡಿದ್ನಲ್ಲ!"

ಓರಗಿತ್ತಿಗೆ ನಗು ಬಂತು, ತಡೆದುಕೊಂಡಳು, ಆಗಲಿಲ್ಲ. ನಕ್ಕು ಮುಗಿದ ಮೇಲೆ ಆಕೆಯ ಕಡೆ ತಿರುಗಿ, "ನಾನು ಆಡಿದ್ದು ತಪ್ಪಾಯ್ತು ಕಣಮ್ಮ, ನಾಳೆನೂ ನೀನೇ ಬಾ," ಎಂದಳು. ಆಮೇಲೆ ನನಗೆ: "ಅಕ್ಕ, ಅದಕ್ಕೇನಾ ನಾನು ಕರೆದ್ರೆ ತಿರುಗ್ತಾ ಇರ್ಲಿಲ್ಲ? ಓದಿದ ಕೊಬ್ಬು ಅಂದ್ಕಂಡಿದ್ದೆ." ಈ ಭಾಗ ಹೀಗೆ ನಡೆದೇ ಇಲ್ಲ ಎಂದು ಓರಗಿತ್ತಿ ಈಗ ವಾದಿಸುತ್ತಾಳೆ. ತಾನು ನಗಲಿಲ್ಲ, ಅತ್ತುಬಿಟ್ಟಿದ್ದಳಂತೆ. ನನ್ನ ನೆನಪಿನಲ್ಲಿ ನಗುವೇ ಇದೆ. ಎರಡನ್ನೂ ಇಟ್ಟುಕೊಂಡಿದ್ದೇನೆ.

ಈ ವರ್ಷ ಅಟ್ಟದ ಮೇಲೆ ಓರಗಿತ್ತಿ, ನಾನು ಇಬ್ಬರೂ ಕೂರುತ್ತೇವೆ. ಅವಳು ಕಿವಿಯಿಂದ ನೋಡುತ್ತಾಳೆ, ನಾನು ದವಡೆಯಿಂದ. ಇಬ್ಬರಿಗೂ ಒಮ್ಮತ ಆಗದ್ದು ಮೂರನೆಯ ಗುಡ್ಡೆಗೆ ಹೋಗುತ್ತದೆ, ಹದಿನೈದು ದಿನ ಬಿಟ್ಟು ಮತ್ತೆ ನೋಡುತ್ತೇವೆ. ತರಗತಿಯಲ್ಲಿ ಹಿಂದಿನ ಬೆಂಚಿನವರು ಏನಾದರೂ ಕೇಳಿದರೆ, ಕೇಳಿಸಿದ ಹಾಗೆ ತಲೆಯಾಡಿಸುವುದನ್ನು ಬಿಟ್ಟು ಅವರ ಹತ್ತಿರವೇ ನಡೆದು ಹೋಗುತ್ತೇನೆ. ಅಲ್ಲಿ ಕೂರುವವರು ಎಂಥ ಪ್ರಶ್ನೆಗಳನ್ನು ಕೇಳುತ್ತಾರೆ ಎಂಬುದು ಈಗಷ್ಟೇ ಗೊತ್ತಾಗುತ್ತಿದೆ.

ಆ ದಿನ ಅಂಗಳದಲ್ಲಿ ಮಾತು ಮುಗಿದ ಮೇಲೆ ಚಿಪ್ಪು ಒಡೆಯುವವಳು ಕೈ ಚಾಚಿದಳು. ಮಂಕರಿಯಲ್ಲಿ ಇಳಿಸಿ ತಂದಿದ್ದ ಮೂರನೆಯ ಗುಡ್ಡೆಯಿಂದ ಒಂದು ಕಾಯಿ ಕೊಟ್ಟೆ. ಆಡಿಸಿದಳು, ಆಕೆಗೂ ಏನೂ ಕೇಳಿಸಲಿಲ್ಲ. ತಟ್ಟಿ, ತಿರುಗಿಸಿ, ತಟ್ಟಿ, ಚಿಪ್ಪು ಬಿಡಿಸಿದಳು. ತಿರುಳು ಒಂದು ಪಕ್ಕದಲ್ಲಿ ಪೂರ್ತಿ ಬಿಟ್ಟುಕೊಂಡಿತ್ತು, ಇನ್ನೊಂದು ಪಕ್ಕದಲ್ಲಿ ಚಿಪ್ಪಿಗೆ ಅಂಟಿಕೊಂಡೇ ಇತ್ತು. ಮೂವರೂ ಬಗ್ಗಿ ನೋಡಿದೆವು.

"ಇದು ಇನ್ನೂ ಯೋಚ್ನೆ ಮಾಡ್ತಾ ಐತೆ," ಎಂದು ಆಕೆ ಅದನ್ನು ಸಾರಿಗೆಂದು ಓರಗಿತ್ತಿಯ ಕೈಗೆ ಕೊಟ್ಟು, ನನ್ನ ಎಡಗಡೆಗೆ ಬಂದು ಕೂತಳು. "ಇನ್ನೊಂದು ಕೊಡಿ."